ಅಮೆರಿಕದ ಕೊಲೆ ಕೇಸುಗಳ ಡಾಕ್ಯುಮೆಂಟರಿ ನೋಡುವುದು ಹೇಗೆ? ಒಂದೇ ರಾಜ್ಯ ಹಿಡಿಯಿರಿ, ಟೆಕ್ಸಸ್‌ನಿಂದ ಶುರು ಮಾಡಿ

ಕೊಲೆ ಕೇಸುಗಳ ಡಾಕ್ಯುಮೆಂಟರಿ ನೋಡುವ ಆಸಕ್ತಿ ಇದ್ದರೆ ಮೊದಲು ಒಂದು ರಾಜ್ಯ ಹಿಡಿಯಿರಿ. ಆ್ಯಪ್ ಮುಂದೆ ತಂದಿಟ್ಟಿದ್ದನ್ನೆಲ್ಲ ಒಂದಾದ ಮೇಲೊಂದು ನೋಡುತ್ತಾ ಹೋಗಬೇಡಿ. ಇವತ್ತು ಫ್ಲೋರಿಡಾ, ನಾಳೆ ವಿಸ್ಕಾನ್ಸಿನ್, ನಾಡಿದ್ದು ಇಂಗ್ಲೆಂಡ್ ಅಂತ ಹಾರಿದರೆ ಕೊನೆಗೆ ಹೆಣ, ರಕ್ತ ಮಾತ್ರ ನೆನಪಿರುತ್ತದೆ. ಕೇಸು ನೆನಪಿರುವುದಿಲ್ಲ. ಒಂದೇ ರಾಜ್ಯದಲ್ಲಿ ನಿಂತು ನೋಡಿದರೆ ಹೆಸರುಗಳು ತಿರುಗಿ ತಿರುಗಿ ಬರುತ್ತವೆ. 1970ರ ದಶಕದ ಕೇಸಿನಲ್ಲಿ ಸಾಕ್ಷಿ ಹೇಳಿದ ಡಾಕ್ಟರು 1992ರ ಕೇಸಿನಲ್ಲೂ ಬಂದು ನಿಲ್ಲುತ್ತಾರೆ. ಒಂದು ಕಡೆ ಶಹಬ್ಬಾಸ್ ಅನ್ನಿಸಿಕೊಂಡ ಅಧಿಕಾರಿಯನ್ನು ಇನ್ನೊಂದು ಕಡೆ ಎಲ್ಲರೂ ಪ್ರಶ್ನೆ ಮಾಡುತ್ತಿರುತ್ತಾರೆ. ಆಗ ಕೇಸು ಎಲ್ಲಿ ಹಾದಿ ತಪ್ಪಿತು ಅಂತ ನಿಮಗೇ ಕಾಣಲು ಶುರುವಾಗುತ್ತದೆ.

ನಾನು ಕೊಡಗಿನ ಕೋರ್ಟುಗಳಲ್ಲಿ ಟೈಪಿಸ್ಟ್ ಆಗಿದ್ದವಳು. ಮಡಿಕೇರಿ, ವಿರಾಜಪೇಟೆ, ಸೋಮವಾರಪೇಟೆ ಮೂರೂ ಕಡೆ ಕೆಲಸ ಮಾಡಿದ್ದೇನೆ. ಕಟಕಟೆಯಲ್ಲಿ ನಿಂತವರು ಹೇಳಿದ್ದನ್ನು ಸಾಹೇಬರು ಬರೆಸುತ್ತಿದ್ದರು, ನಾನು ಟೈಪ್ ಮಾಡುತ್ತಿದ್ದೆ. ಮೊದಲು ಮಷೀನು, ಆಮೇಲೆ ಕಂಪ್ಯೂಟರು. ನಿವೃತ್ತಿಯಾದ ಮೇಲೆ ಮಳೆಗಾಲದಲ್ಲಿ ತಂಗಿಯ ಮಗಳ ಜೊತೆ ಕೂತು ಟೆಕ್ಸಸ್ ಕೇಸುಗಳನ್ನು ನೋಡುವುದು ರೂಢಿಯಾಯಿತು. ಅವಳು ಮೈಸೂರಿನಲ್ಲಿ ಕಾನೂನು ಓದುತ್ತಾಳೆ. ನಾವಿಬ್ಬರೂ ನೋಡುವ ಕ್ರಮ ಏನು, ಯಾವುದರ ನಂತರ ಯಾವುದು, ಎಲ್ಲಿ ನಿಲ್ಲಿಸಿ ಏನು ಬರೆದುಕೊಳ್ಳಬೇಕು ಅಂತ ಕೇಳಿದವರಿಗಾಗಿ ಇದನ್ನು ಬರೆಯುತ್ತಿದ್ದೇನೆ.

ಟೆಕ್ಸಸ್ಸೇ ಯಾಕೆ ಅಂದರೆ, 1982ರಿಂದ ಈಚೆಗೆ ಐನೂರಕ್ಕೂ ಹೆಚ್ಚು ಜನರಿಗೆ ಅಲ್ಲಿ ಮರಣದಂಡನೆ ಜಾರಿಯಾಗಿದೆ. ಅಮೆರಿಕದ ಬೇರೆ ಯಾವ ರಾಜ್ಯದಲ್ಲೂ ಅಷ್ಟು ಇಲ್ಲ. ಜೀವದ ಪ್ರಶ್ನೆ ಆದ್ದರಿಂದ ಅಲ್ಲಿನ ಕೇಸುಗಳ ಬೆನ್ನು ಹತ್ತಿದ ಪತ್ರಕರ್ತರು, ವಕೀಲರು, ಚಿತ್ರ ಮಾಡುವವರು ಜಾಸ್ತಿ. ಕಾಗದಗಳೂ ಜಾಸ್ತಿ ಹೊರಗೆ ಬಂದಿವೆ. ನಮ್ಮಂಥವರು ಕೂತಲ್ಲೇ ಓದಿ ಹೋಲಿಸಿ ನೋಡಬಹುದು.

ಶುರು ಮಾಡುವ ಮೊದಲು

ಅಲ್ಲಿನ ವ್ಯವಸ್ಥೆ ಸ್ವಲ್ಪ ತಿಳಿದಿರಬೇಕು. ಇಲ್ಲದಿದ್ದರೆ ಅರ್ಧ ಮಾತು ತಲೆ ಮೇಲೆ ಹೋಗುತ್ತದೆ.

ಟೆಕ್ಸಸ್‌ನಲ್ಲಿ 254 ಕೌಂಟಿಗಳಿವೆ, ಕೌಂಟಿ ಅಂದರೆ ನಮ್ಮ ಜಿಲ್ಲೆಯ ಹಾಗೆ. ಕೌಂಟಿಯ ಪೊಲೀಸ್ ಮುಖ್ಯಸ್ಥ ಶೆರಿಫ್. ಅವನನ್ನು ಜನ ಓಟು ಹಾಕಿ ಆರಿಸುತ್ತಾರೆ. ಸರ್ಕಾರದ ಪರ ಕೇಸು ನಡೆಸುವ ಡಿಸ್ಟ್ರಿಕ್ಟ್ ಅಟಾರ್ನಿಯನ್ನೂ ಜನರೇ ಆರಿಸುತ್ತಾರೆ. ಜಡ್ಜ್‌ಗಳೂ ಚುನಾವಣೆಗೆ ನಿಲ್ಲುತ್ತಾರೆ. ನಮ್ಮಲ್ಲಿ ಪಿಪಿ ಸಾಹೇಬರನ್ನು, ಅಂದರೆ ಸರ್ಕಾರಿ ವಕೀಲರನ್ನು, ಸರ್ಕಾರ ನೇಮಿಸುತ್ತದೆ, ಅವರು ಮನೆ ಮನೆಗೆ ಹೋಗಿ ಓಟು ಕೇಳುವುದಿಲ್ಲ. ಅಲ್ಲಿ ಊರಿಗೆ ಊರೇ ಹೆದರಿದ ಕೊಲೆಯೊಂದು ಆದರೆ, ಬೇಗ ಯಾರನ್ನಾದರೂ ಹಿಡಿಯಬೇಕು ಅನ್ನುವ ಒತ್ತಡ ನೇರವಾಗಿ ಕುರ್ಚಿಗೇ ತಟ್ಟುತ್ತದೆ. ಇದನ್ನು ಮನಸ್ಸಿನಲ್ಲಿಟ್ಟುಕೊಂಡು ನೋಡಿ.

ಎರಡನೆಯದು ಜ್ಯೂರಿ. ತಪ್ಪಿತಸ್ಥನೋ ಅಲ್ಲವೋ ಅಂತ ಹೇಳುವವರು 12 ಜನ ಸಾಮಾನ್ಯರು. ಮರಣದಂಡನೆಯ ಕೇಸಾದರೆ ವಿಚಾರಣೆ ಎರಡು ಹಂತ. ಮೊದಲು ಅಪರಾಧ ಮಾಡಿದ್ದಾನೋ ಇಲ್ಲವೋ. ಆಮೇಲೆ ಶಿಕ್ಷೆ. ಈ ಎರಡನೇ ಹಂತದಲ್ಲಿ ಟೆಕ್ಸಸ್ ಜ್ಯೂರಿಗೆ ಒಂದು ಪ್ರಶ್ನೆ ಕೇಳುತ್ತಾರೆ: ಇವನು ಮುಂದೆಯೂ ಸಮಾಜಕ್ಕೆ ಅಪಾಯ ಆಗುತ್ತಾನಾ? ನಮ್ಮಲ್ಲಿ 1980ರ ಬಚನ್ ಸಿಂಗ್ ತೀರ್ಪಿನ ನಂತರ ಅಪರೂಪದಲ್ಲಿ ಅಪರೂಪದ ಪ್ರಕರಣಕ್ಕೆ ಮಾತ್ರ ಗಲ್ಲು ಅನ್ನುವ ಅಳತೆ ಇದೆ. ಅಲ್ಲಿ ಮುಂದೆ ಆಗುವುದನ್ನು ಊಹೆ ಮಾಡಿ ಹೇಳಬೇಕು. ಈ ಪ್ರಶ್ನೆ ಎರಡು ಚಿತ್ರಗಳಲ್ಲಿ ಬಹಳ ಮುಖ್ಯ.

ಮೂರನೆಯದು ತಪ್ಪೊಪ್ಪಿಗೆ. ನಮ್ಮಲ್ಲಿ ಪೊಲೀಸರ ಮುಂದೆ ಒಪ್ಪಿಕೊಂಡೆ ಅಂದರೆ ಅದು ಕೋರ್ಟಿನಲ್ಲಿ ಸಾಕ್ಷ್ಯ ಆಗುವುದಿಲ್ಲ. ಹಳೇ ಸಾಕ್ಷ್ಯ ಕಾಯ್ದೆಯ 25ನೇ ಕಲಂ, ಈಗಿನ ಭಾರತೀಯ ಸಾಕ್ಷ್ಯ ಅಧಿನಿಯಮದ 23ನೇ ಕಲಂ. ಅಮೆರಿಕದಲ್ಲಿ ಹಾಗಲ್ಲ. ನಿಯಮ ಪಾಲಿಸಿ ಪಡೆದಿದ್ದರೆ ಅದು ಜ್ಯೂರಿ ಮುಂದೆ ಹೋಗುತ್ತದೆ. ಒಬ್ಬ ಮನುಷ್ಯ ತಾನೇ ಮಾಡಿದೆ ಅಂತ ಹೇಳುವುದನ್ನು ಕೇಳಿದ ಮೇಲೆ 12 ಜನರ ಮನಸ್ಸು ತಿರುಗಿಸುವುದು ಸುಲಭ ಅಲ್ಲ.

ಒಂದು ಉದ್ದ ಗೀಟಿನ ನೋಟ್‌ಬುಕ್ ಇಟ್ಟುಕೊಳ್ಳಿ. ಪ್ರತಿ ಕೇಸಿನ ಮೊದಲ ಪುಟದಲ್ಲಿ ಸತ್ತವರ ಹೆಸರು, ವಯಸ್ಸು, ಅವರು ಏನು ಮಾಡಿಕೊಂಡಿದ್ದರು ಅನ್ನುವುದನ್ನು ಬರೆಯಿರಿ. ಇದನ್ನು ನಾನು ಕಡ್ಡಾಯ ಅಂತ ಹೇಳುತ್ತೇನೆ. ಇಂಥ ಚಿತ್ರಗಳು ಆರೋಪಿಯ ಸುತ್ತ ತಿರುಗುತ್ತವೆ, ಅರ್ಧ ಗಂಟೆಯಲ್ಲಿ ಸತ್ತವರು ಫೋಟೋ ಆಗಿಬಿಡುತ್ತಾರೆ. ಮುಂದಿನ ಪುಟಗಳಲ್ಲಿ ಮೂರು ಅಂಕಣ ಎಳೆಯಿರಿ: ಯಾರು ಹೇಳಿದರು, ಯಾವಾಗ ಹೇಳಿದರು, ಅದಕ್ಕೆ ಕಾಗದ ಏನಿದೆ. ಬೇರೇನೂ ಬೇಡ.

ಮೊದಲ ಚಿತ್ರ: ದ ಥಿನ್ ಬ್ಲೂ ಲೈನ್

1988ರದ್ದು. ಎರಲ್ ಮಾರಿಸ್ ಮಾಡಿದ್ದು. ಶುರು ಇಲ್ಲಿಂದಲೇ ಆಗಬೇಕು ಅನ್ನುವುದು ನನ್ನ ಹಟ.

1976ರ ನವೆಂಬರ್ 28ರ ರಾತ್ರಿ ಡಲ್ಲಾಸ್‌ನಲ್ಲಿ ರಾಬರ್ಟ್ ವುಡ್ ಅನ್ನುವ ಪೊಲೀಸ್ ಅಧಿಕಾರಿ ಹೆಡ್‌ಲೈಟ್ ಹಾಕದೆ ಹೋಗುತ್ತಿದ್ದ ಒಂದು ಕಾರನ್ನು ನಿಲ್ಲಿಸುತ್ತಾರೆ. ಕಿಟಕಿ ಹತ್ತಿರ ಹೋದಾಗ ಒಳಗಿಂದ ಗುಂಡು ಹಾರುತ್ತದೆ. ಅವರು ಅಲ್ಲೇ ಸಾಯುತ್ತಾರೆ. ಕಾರು ಕದ್ದದ್ದು. ಕದ್ದವನು ವೈಡರ್ ಅನ್ನುವ ಊರಿನ 16 ವರ್ಷದ ಡೇವಿಡ್ ಹ್ಯಾರಿಸ್. ಪೊಲೀಸನನ್ನು ಕೊಂದೆ ಅಂತ ಅವನು ಊರಿನ ಗೆಳೆಯರ ಹತ್ತಿರ ಜಂಬ ಕೊಚ್ಚಿಕೊಂಡಿದ್ದ. ಸಿಕ್ಕಿಬಿದ್ದ ಮೇಲೆ, ಕೊಂದದ್ದು ತಾನಲ್ಲ, ಆ ದಿನ ದಾರಿಯಲ್ಲಿ ಕಾರಿಗೆ ಹತ್ತಿಸಿಕೊಂಡಿದ್ದ ರ‍್ಯಾಂಡಲ್ ಡೇಲ್ ಆ್ಯಡಮ್ಸ್ ಅಂದ. ಆ್ಯಡಮ್ಸ್ ಒಹಾಯೊದಿಂದ ಬಂದು ಡಲ್ಲಾಸ್‌ನಲ್ಲಿ ಕೆಲಸಕ್ಕೆ ಸೇರಿದ್ದವನು. 16 ವರ್ಷದವನಿಗೆ ಮರಣದಂಡನೆ ಕೊಡುವ ಹಾಗಿರಲಿಲ್ಲ. ಆ್ಯಡಮ್ಸ್‌ಗೆ ಕೊಡಬಹುದಿತ್ತು, ಕೊಟ್ಟರು.

ಈ ಚಿತ್ರದಲ್ಲಿ ಹಿನ್ನೆಲೆ ಮಾತಿಲ್ಲ. ಮಾತಾಡುವವರ ಹೆಸರೂ ಕೆಳಗೆ ಬರುವುದಿಲ್ಲ. ಹಾಗಾಗಿ ಬಟ್ಟೆ ಗುರುತು ಇಟ್ಟುಕೊಳ್ಳಿ. ಬಿಳಿ ಅಂಗಿಯವನು ಆ್ಯಡಮ್ಸ್, ಕಿತ್ತಳೆ ಅಂಗಿಯವನು ಹ್ಯಾರಿಸ್. ಉಳಿದವರನ್ನು ಅವರವರ ಮಾತಿನಿಂದಲೇ ಗುರುತಿಸಿ, ನೋಟ್‌ಬುಕ್ಕಿನಲ್ಲಿ ಪೊಲೀಸ್, ವಕೀಲ, ಸಾಕ್ಷಿ ಅಂತ ಬರೆದುಕೊಳ್ಳಿ. ಮೊದಲ ಕಾಲು ಗಂಟೆ ಸ್ವಲ್ಪ ಗಲಿಬಿಲಿ ಆಗುತ್ತದೆ. ತಾಳ್ಮೆ ಇರಲಿ.

ಕೊಲೆಯ ಆ ಕ್ಷಣವನ್ನು ನಟರ ಕೈಯಲ್ಲಿ ಮಾಡಿಸಿ ಮತ್ತೆ ಮತ್ತೆ ತೋರಿಸುತ್ತಾರೆ. ಕಾರು ನಿಲ್ಲುತ್ತದೆ, ಅಧಿಕಾರಿ ಇಳಿಯುತ್ತಾರೆ, ಗುಂಡು ಹಾರುತ್ತದೆ, ಅವರ ಜೊತೆಗಿದ್ದ ಮಹಿಳಾ ಅಧಿಕಾರಿಯ ಕೈಯಲ್ಲಿದ್ದ ಮಿಲ್ಕ್‌ಶೇಕ್ ಲೋಟ ನಿಧಾನವಾಗಿ ಗಾಳಿಯಲ್ಲಿ ಹಾರಿ ಬೀಳುತ್ತದೆ. ಇದು ನಿಜವಾಗಿ ನಡೆದದ್ದರ ಚಿತ್ರ ಅಂತ ತಿಳಿಯಬೇಡಿ. ಪ್ರತಿ ಸಲವೂ ಒಂದೊಂದು ವಿವರ ಬದಲಾಗಿರುತ್ತದೆ. ಯಾರು ಏನು ಹೇಳಿದರೋ ಅದಕ್ಕೆ ತಕ್ಕ ಹಾಗೆ ದೃಶ್ಯ. ಆ ಅಧಿಕಾರಿ ಎಲ್ಲಿ ನಿಂತಿದ್ದರು, ಕಾರಿನ ಒಳಗೆ ಎಷ್ಟು ಜನ, ಕಾರು ಯಾವ ಕಂಪನಿಯದ್ದು ಅಂತ ಪ್ರತಿ ಸಲ ಬರೆದುಕೊಳ್ಳಿ. ಪೊಲೀಸರು ಬಹಳ ದಿನ ಶೆವ್ರೊಲೆ ವೇಗಾ ಅನ್ನುವ ಕಾರನ್ನು ಹುಡುಕುತ್ತಿದ್ದರು. ನಿಜವಾದ ಕಾರು ಮರ್ಕ್ಯುರಿ ಕಾಮೆಟ್. ಕಾರು ತಪ್ಪಿದ್ದರೆ ಒಳಗೆ ಕೂತವನ ಮುಖ ಎಷ್ಟು ಸರಿ ನೆನಪಿದ್ದೀತು? ಇಲ್ಲಿ ನಿಲ್ಲಿಸಿ ಯೋಚನೆ ಮಾಡಿ.

ನಮ್ಮ ಕೋರ್ಟಿನಲ್ಲಿ ಸಾಕ್ಷಿ ಹೇಳುವವರು ಕೊಡವ ತಕ್ಕ್‌ನಲ್ಲಿ ಹೇಳುತ್ತಾರೆ, ಅರೆಭಾಷೆಯಲ್ಲಿ ಹೇಳುತ್ತಾರೆ, ಮಲಯಾಳದಲ್ಲಿ, ತುಳುವಿನಲ್ಲಿ, ಯರವರ ಮಾತಿನಲ್ಲಿ ಹೇಳುತ್ತಾರೆ. ಹಾಳೆ ಮೇಲೆ ಬರುವುದು ಕನ್ನಡ. ತೋಟದ ಕೆಲಸದ ಹೆಂಗಸು ಕಟಕಟೆಯಲ್ಲಿ ಸೆರಗು ಹಿಡಿದುಕೊಂಡು, ಎರಡು ಸಲ ನಿಂತು, 'ಅವನ ಹಾಗೇ ಇದ್ದ, ಕತ್ತಲೆ ಅಲ್ವಾ ಸ್ವಾಮಿ' ಅಂದಿರುತ್ತಾಳೆ. ಆ ನಿಲ್ಲುವಿಕೆಯನ್ನು ಟೈಪ್ ಮಾಡಲು ಕೀಲಿ ಇಲ್ಲ. ಅನುಮಾನ ಹಾಳೆಗೆ ಬರುವ ಹೊತ್ತಿಗೆ ತೆಳುವಾಗಿರುತ್ತದೆ. ಒಳ್ಳೆಯ ವಕೀಲರು ಪಾಟೀಸವಾಲಿನಲ್ಲಿ ಅದನ್ನು ಮತ್ತೆ ಹೊರಗೆ ತೆಗೆಯುತ್ತಾರೆ. ಮಾರಿಸ್ ಕ್ಯಾಮೆರಾ ಇಟ್ಟುಕೊಂಡು ಮಾಡಿದ್ದೂ ಅದನ್ನೇ. ಆ್ಯಡಮ್ಸ್‌ನನ್ನು ಕಣ್ಣಾರೆ ನೋಡಿದೆ ಅಂತ ಕೋರ್ಟಿನಲ್ಲಿ ಹೇಳಿದ್ದ ಒಬ್ಬ ಹೆಂಗಸು, ಗುರುತು ಪರೇಡ್‌ನಲ್ಲಿ ತಾನು ಬೇರೆ ಯಾರನ್ನೋ ತೋರಿಸಿದ್ದೆ ಅಂತ ಕ್ಯಾಮೆರಾ ಮುಂದೆ ತಾನಾಗಿಯೇ ಹೇಳಿಬಿಡುತ್ತಾಳೆ. ಅವಳನ್ನು ಯಾರೂ ಗದರಿಸಿಲ್ಲ, ಸುಮ್ನೆ ಮಾತಾಡಲು ಬಿಟ್ಟಿದ್ದಾರೆ. ಈ ಭಾಗವನ್ನು ಸಬ್‌ಟೈಟಲ್ ಓದುತ್ತಾ ಒಮ್ಮೆ, ಮುಖ ಮಾತ್ರ ನೋಡುತ್ತಾ ಇನ್ನೊಮ್ಮೆ ನೋಡಿ.

ಇನ್ನೊಂದು ಹೆಸರು, ಸುತ್ತ ಗೆರೆ ಎಳೆದು ಗುಂಡು ಹಾಕಿ ಬರೆದಿಟ್ಟುಕೊಳ್ಳಿ: ಡಾಕ್ಟರ್ ಜೇಮ್ಸ್ ಗ್ರಿಗ್ಸನ್. ಮನೋವೈದ್ಯರು. ಮರಣದಂಡನೆಯ ಕೇಸುಗಳಲ್ಲಿ ಬಂದು, ಈ ಆರೋಪಿ ಮುಂದೆಯೂ ಕೊಲ್ಲುತ್ತಾನೆ ಅಂತ ಸಾಕ್ಷಿ ಹೇಳುವುದೇ ಅವರ ಕೆಲಸ ಆಗಿತ್ತು. 'ಡಾಕ್ಟರ್ ಡೆತ್' ಅಂತಲೇ ಕರೆಯುತ್ತಿದ್ದರು. ಮಾರಿಸ್ ಟೆಕ್ಸಸ್‌ಗೆ ಬಂದದ್ದೇ ಈ ಡಾಕ್ಟರ ಬಗ್ಗೆ ಚಿತ್ರ ಮಾಡಲು. ಅವರ ಸಾಕ್ಷ್ಯದಿಂದ ಶಿಕ್ಷೆಯಾದವರನ್ನು ಜೈಲಿನಲ್ಲಿ ಮಾತಾಡಿಸುತ್ತಾ ಹೋದಾಗ ಆ್ಯಡಮ್ಸ್ ಸಿಕ್ಕಿದ. ಮುಂದೆ ಯಾರನ್ನೂ ಕೊಲ್ಲದ ಆ್ಯಡಮ್ಸ್ ಅಪಾಯ ಅಂತ ಡಾಕ್ಟರು ಹೇಳಿದ್ದರು. ಸರ್ಕಾರದ ಪರ ಸಾಕ್ಷಿ ಹೇಳಿ ಮನೆಗೆ ಹೋದ ಹ್ಯಾರಿಸ್ 1985ರಲ್ಲಿ ಇನ್ನೊಂದು ಕೊಲೆ ಮಾಡಿದ.

ಕೊನೆಯ ಭಾಗದಲ್ಲಿ ಚಿತ್ರವೇ ಇಲ್ಲ, ಒಂದು ಟೇಪ್ ರೆಕಾರ್ಡರ್ ಮಾತ್ರ. ಆ ದಿನ ಕ್ಯಾಮೆರಾ ಕೆಟ್ಟಿತ್ತು. ಆ್ಯಡಮ್ಸ್ ನಿರಪರಾಧಿ ಅಂತ ನಿನಗೆ ಹೇಗೆ ಗೊತ್ತು ಅಂದಾಗ, ಗೊತ್ತಿರುವವನು ನಾನೇ ಅಲ್ವಾ ಅನ್ನುವ ಅರ್ಥದ ಮಾತು ಹ್ಯಾರಿಸ್ ಬಾಯಿಂದ ಬರುತ್ತದೆ. ನನ್ನ ತಂಗಿಯ ಮಗಳು ಅಷ್ಟಕ್ಕೇ ಮುಗೀತು ಅಂತ ಟಿವಿ ಆರಿಸಲು ಹೋದಳು. 'ಕೂತ್ಕೋ, ಇನ್ನೂ ತೀರ್ಪು ಓದಿಲ್ಲ' ಅಂದೆ. ನೀವೂ ಓದಿ. 1979ರಲ್ಲಿ ಮರಣದಂಡನೆಗೆ ಮೂರು ದಿನ ಇರುವಾಗ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿಯೊಬ್ಬರು ತಡೆ ಕೊಟ್ಟರು. 1980ರಲ್ಲಿ ಆ್ಯಡಮ್ಸ್ ವರ್ಸಸ್ ಟೆಕ್ಸಸ್ ತೀರ್ಪಿನಲ್ಲಿ ಮರಣದಂಡನೆ ರದ್ದಾಯಿತು. ಗವರ್ನರ್ ಅದನ್ನು ಜೀವಾವಧಿಗೆ ಇಳಿಸಿದ್ದರಿಂದ ಮರುವಿಚಾರಣೆಯೇ ನಡೆಯಲಿಲ್ಲ. ಚಿತ್ರ ಬಂದ ಮಾರನೇ ವರ್ಷ, 1989ರಲ್ಲಿ, ಟೆಕ್ಸಸ್‌ನ ಕ್ರಿಮಿನಲ್ ಮೇಲ್ಮನವಿ ಕೋರ್ಟು ಶಿಕ್ಷೆಯನ್ನೇ ರದ್ದು ಮಾಡಿತು. 12 ವರ್ಷದ ಮೇಲೆ ಅವನು ಹೊರಗೆ ಬಂದ. ಹ್ಯಾರಿಸ್‌ಗೆ ಆ ಎರಡನೇ ಕೊಲೆಗಾಗಿ 2004ರಲ್ಲಿ ಮರಣದಂಡನೆ ಆಯಿತು.

ಎರಡನೆಯದು: ಬೆಂಕಿ ಕೇಸು

'ಇನ್ಸೆಂಡಿಯರಿ: ದ ವಿಲ್ಲಿಂಗ್‌ಹ್ಯಾಮ್ ಕೇಸ್', 2011ರ ಚಿತ್ರ. ಇದನ್ನು ನೋಡುವ ದಿನ ಬೇರೇನೂ ಇಟ್ಟುಕೊಳ್ಳಬೇಡಿ. ಮೂರು ಪುಟ್ಟ ಮಕ್ಕಳು ಸತ್ತ ಕೇಸು.

1991ರ ಡಿಸೆಂಬರ್ 23ರಂದು ಕಾರ್ಸಿಕಾನಾ ಊರಿನಲ್ಲಿ ಮನೆಗೆ ಬೆಂಕಿ ಬಿತ್ತು. ಎರಡು ವರ್ಷದ ಮಗಳು, ಒಂದು ವರ್ಷದ ಅವಳಿ ಹೆಣ್ಣುಮಕ್ಕಳು ಸತ್ತರು. ತಂದೆ ಕ್ಯಾಮರನ್ ಟಾಡ್ ವಿಲ್ಲಿಂಗ್‌ಹ್ಯಾಮ್ ಬದುಕಿ ಹೊರಗೆ ಬಂದ. ಬೆಂಕಿ ಹಚ್ಚಿದ್ದು ಅವನೇ ಅಂತ ಕೇಸಾಯಿತು. ನೆಲದ ಮೇಲಿನ ಸುಟ್ಟ ಗುರುತು ಎಣ್ಣೆ ಸುರಿದ ಹಾಗಿದೆ, ಕಿಟಕಿ ಗಾಜು ಜೇಡರ ಬಲೆಯ ಹಾಗೆ ಬಿರುಕು ಬಿಟ್ಟಿದೆ, ಬೆಂಕಿ ಒಂದಕ್ಕಿಂತ ಹೆಚ್ಚು ಕಡೆ ಶುರುವಾಗಿದೆ ಅಂತ ತನಿಖಾಧಿಕಾರಿಗಳು ಹೇಳಿದರು. ಜೈಲಿನಲ್ಲಿದ್ದ ಇನ್ನೊಬ್ಬ ಕೈದಿ, ನನ್ನ ಹತ್ತಿರ ಒಪ್ಪಿಕೊಂಡ ಅಂದ. ಒಪ್ಪಿಕೊಂಡರೆ ಜೀವಾವಧಿ ಅನ್ನುವ ಅವಕಾಶ ಬಂದಾಗ ವಿಲ್ಲಿಂಗ್‌ಹ್ಯಾಮ್ ಬೇಡ ಅಂದ. 1992ರಲ್ಲಿ ಮರಣದಂಡನೆ ವಿಧಿಸಿದರು.

ಶಿಕ್ಷೆಯ ಹಂತದಲ್ಲಿ ಅವನು ಅಪಾಯಕಾರಿ ಅಂತ ಸಾಕ್ಷಿ ಹೇಳಿದ್ದು ಯಾರು? ಡಾಕ್ಟರ್ ಗ್ರಿಗ್ಸನ್. ಮೊದಲ ಚಿತ್ರ ನೋಡದವರಿಗೆ ಈ ಹೆಸರು ಏನೂ ಅನ್ನಿಸುವುದಿಲ್ಲ. ನಿಮ್ಮ ನೋಟ್‌ಬುಕ್ಕಿನಲ್ಲಿ ಅದಕ್ಕೆ ಗುಂಡು ಹಾಕಿದ್ದೀರಿ. 1995ರಲ್ಲಿ ಅಮೆರಿಕದ ಮನೋವೈದ್ಯರ ಸಂಘ ಅವರನ್ನು ಹೊರಗೆ ಹಾಕಿತು.

ಈ ಚಿತ್ರ ನೋಡುವಾಗ ವಿಜ್ಞಾನದ ಭಾಗವನ್ನು ಓಡಿಸಬೇಡಿ, ಅದೇ ಇದರ ಜೀವಾಳ. ಒಂದು ಕೋಣೆಯಲ್ಲಿ ಬಿಸಿ ಹೊಗೆ ಮೇಲೆ ತುಂಬಿ ತುಂಬಿ ಒಂದು ಹಂತದಲ್ಲಿ ಇಡೀ ಕೋಣೆ ಒಮ್ಮೆಲೇ ಹೊತ್ತಿಕೊಳ್ಳುತ್ತದೆ. ಅದಕ್ಕೆ ಫ್ಲ್ಯಾಶ್‌ಓವರ್ ಅನ್ನುತ್ತಾರೆ. ಆಗ ಎಣ್ಣೆ ಸುರಿಯದೇ ನೆಲದ ಮೇಲೆ ಎಣ್ಣೆ ಸುರಿದಂಥ ಗುರುತು ಬೀಳುತ್ತದೆ. ಬಿಸಿ ಗಾಜಿನ ಮೇಲೆ ನೀರು ಬಿದ್ದರೆ ಬಿರುಕು ಬಿಡುತ್ತದೆ. ಬೆಂಕಿ ಆರಿಸಲು ನೀರು ಹೊಡೆದಿರುತ್ತಾರೆ ಅಲ್ವಾ? ಪ್ರಯೋಗಾಲಯಕ್ಕೆ ಕಳಿಸಿದ ಮಾದರಿಗಳಲ್ಲಿ ಎಣ್ಣೆಯ ಅಂಶ ಸಿಕ್ಕಿದ್ದು ಮುಂಬಾಗಿಲ ಜಗಲಿ ಹತ್ತಿರದ್ದರಲ್ಲಿ ಮಾತ್ರ. ಆ ಜಗಲಿಯಲ್ಲಿ ಇದ್ದಿಲ ಒಲೆ ಇತ್ತು, ಅದನ್ನು ಹೊತ್ತಿಸುವ ಎಣ್ಣೆಯೂ ಇತ್ತು.

ನಾನು ಎಷ್ಟೋ ಮಹಜರುಗಳಲ್ಲಿ 'ಸ್ಥಳದಲ್ಲಿ ಸೀಮೆಎಣ್ಣೆ ವಾಸನೆ ಬರುತ್ತಿತ್ತು' ಅನ್ನುವ ಸಾಲು ಟೈಪ್ ಮಾಡಿದ್ದೇನೆ. ಪಾಟೀಸವಾಲಿನಲ್ಲಿ ವಕೀಲರು ಕೇಳುವ ಮೊದಲ ಪ್ರಶ್ನೆ, ವಾಸನೆ ಯಾರಿಗೆ ಬಂತು? ಎರಡನೆಯದು, ಎಫ್‌ಎಸ್‌ಎಲ್ ವರದಿ, ಅಂದರೆ ಪ್ರಯೋಗಾಲಯದ ವರದಿ, ಎಲ್ಲಿ? ಈ ಎರಡು ಪ್ರಶ್ನೆ ಹಿಡಿದುಕೊಂಡು ಈ ಚಿತ್ರ ನೋಡಿ. ವಾಸನೆಯನ್ನು ಒಬ್ಬರು ಹೇಳಬಹುದು, ಅದು ಅವರ ಮೂಗಿನ ಮಾತು. ವರದಿ ಬೇರೆ.

2004ರ ಫೆಬ್ರವರಿ 17ರಂದು ಮರಣದಂಡನೆ ಜಾರಿಯಾಯಿತು. ಅದಕ್ಕೆ ಮೊದಲೇ ಜೆರಾಲ್ಡ್ ಹರ್ಸ್ಟ್ ಅನ್ನುವ ಬೆಂಕಿ ತಜ್ಞರು, ಇದು ಹಚ್ಚಿದ ಬೆಂಕಿ ಅನ್ನಲು ಆಧಾರವಿಲ್ಲ ಅಂತ ವರದಿ ಕೊಟ್ಟಿದ್ದರು. ಗವರ್ನರ್ ರಿಕ್ ಪೆರ‍್ರಿ ತಡೆಯಲಿಲ್ಲ. 2009ರಲ್ಲಿ ರಾಜ್ಯದ ಫೊರೆನ್ಸಿಕ್ ಆಯೋಗ ಈ ಕೇಸಿನ ತಜ್ಞ ವರದಿಯನ್ನು ಚರ್ಚಿಸುವ ಸಭೆಗೆ ಸ್ವಲ್ಪ ಮುಂಚೆ, ಪೆರ‍್ರಿ ಆಯೋಗದ ಕೆಲವು ಸದಸ್ಯರನ್ನು ಬದಲಿಸಿದರು. ಹೊಸ ಅಧ್ಯಕ್ಷರಾಗಿ ಬಂದವರು ವಿಲಿಯಮ್ಸನ್ ಕೌಂಟಿಯ ಡಿಸ್ಟ್ರಿಕ್ಟ್ ಅಟಾರ್ನಿ ಜಾನ್ ಬ್ರಾಡ್ಲಿ. ಸಭೆ ರದ್ದಾಯಿತು. ಬ್ರಾಡ್ಲಿ ಹೆಸರಿಗೂ ಗುಂಡು ಹಾಕಿ, ಕೌಂಟಿಯ ಹೆಸರಿಗೂ.

ಚಿತ್ರ ಒಂದು ಕಡೆ ವಾಲಿದೆ ಅಂತ ನಿಮಗೆ ಅನ್ನಿಸಬಹುದು. ಅನ್ನಿಸಲಿ. ವಿಲ್ಲಿಂಗ್‌ಹ್ಯಾಮ್ ಪರ ವಾದಿಸಿದ್ದ ವಕೀಲರೇ ಆಮೇಲೆ ಬಹಿರಂಗವಾಗಿ ಅವನು ತಪ್ಪಿತಸ್ಥ ಅಂತ ಹೇಳಿದ್ದಾರೆ. ಅವನು ಹೆಂಡತಿಗೆ ಹೊಡೆಯುತ್ತಿದ್ದ ಅನ್ನುವುದೂ ಇದೆ. ಕೆಟ್ಟ ಗಂಡ ಆಗಿದ್ದನೋ ಅನ್ನುವುದು ಒಂದು ಪ್ರಶ್ನೆ, ಬೆಂಕಿ ಹಚ್ಚಿದನೋ ಅನ್ನುವುದು ಇನ್ನೊಂದು. ನೋಟ್‌ಬುಕ್ಕಿನಲ್ಲಿ ಎರಡನ್ನೂ ಬೇರೆ ಬೇರೆ ಪುಟದಲ್ಲಿ ಬರೆಯಿರಿ. ಅವನ ಮನೆ ಗೋಡೆಯಲ್ಲಿದ್ದ ರಾಕ್ ಬ್ಯಾಂಡಿನ ಪೋಸ್ಟರನ್ನೂ ಅವನ ವಿರುದ್ಧ ಕೋರ್ಟಿನಲ್ಲಿ ಬಳಸಿದರು. ಅದು ಮೂರನೇ ಅಂಕಣದಲ್ಲಿ ಎಲ್ಲಿ ಕೂರುತ್ತದೆ ಅಂತ ನೀವೇ ನೋಡಿ.

ಒಬ್ಬನೇ ಅಧಿಕಾರಿ, ಮೂರು ಚಿತ್ರ

ಈಗ ಮೂರು ಚಿತ್ರಗಳನ್ನು ಒಟ್ಟಿಗೆ ಹಿಡಿಯಿರಿ. ಟವರ್, 2016. ದ ಕನ್ಫೆಷನ್ ಕಿಲ್ಲರ್, 2019, ಐದು ಭಾಗ, ನೆಟ್‌ಫ್ಲಿಕ್ಸ್ ಮಾಡಿದ್ದು. ಆ್ಯನ್ ಅನ್‌ರಿಯಲ್ ಡ್ರೀಮ್, 2013. ಇವನ್ನು ಪೋಣಿಸುವ ದಾರ ಜಿಮ್ ಬೌಟ್ವೆಲ್ ಅನ್ನುವ ಒಬ್ಬ ಅಧಿಕಾರಿ.

ಟವರ್ 1966ರ ಆಗಸ್ಟ್ 1ರ ಕಥೆ. ಆಸ್ಟಿನ್‌ನ ವಿಶ್ವವಿದ್ಯಾಲಯದ ಗೋಪುರ ಹತ್ತಿದ ಒಬ್ಬ ಸುಮಾರು ಒಂದೂವರೆ ಗಂಟೆ ಕೆಳಗಿದ್ದವರ ಮೇಲೆ ಗುಂಡು ಹಾರಿಸಿದ. ಇದನ್ನು ಬಹುಪಾಲು ಅನಿಮೇಷನ್‌ನಲ್ಲಿ ಮಾಡಿದ್ದಾರೆ. ಕೊಂದವನ ಬಗ್ಗೆ ಮಾತು ಬಹಳ ಕಡಿಮೆ, ಬದುಕಿದವರ ಬಗ್ಗೆಯೇ ಎಲ್ಲ. ಗುಂಡು ತಗುಲಿದ ತುಂಬು ಬಸುರಿ ಕಾದ ಸಿಮೆಂಟಿನ ಮೇಲೆ ಅಲ್ಲಾಡದೆ ಮಲಗಿರುತ್ತಾಳೆ. ಗುರುತಿಲ್ಲದ ಒಬ್ಬ ಹುಡುಗಿ ಓಡಿ ಬಂದು ಪಕ್ಕದಲ್ಲೇ ಮಲಗಿ, ಇವಳಿಗೆ ಪ್ರಜ್ಞೆ ತಪ್ಪದ ಹಾಗೆ ಮಾತಾಡಿಸುತ್ತಲೇ ಇರುತ್ತಾಳೆ. ಇಂಥ ಚಿತ್ರಗಳು ಹೇಗಿರಬೇಕು ಅಂತ ಯಾರಾದರೂ ಕೇಳಿದರೆ ನಾನು ತೋರಿಸುವುದು ಈ ಭಾಗವನ್ನು. ಆ ದಿನ ಊರಿನ ಜನ ಜಿಂಕೆ ಬೇಟೆಯ ಬಂದೂಕು ತಂದು ಕೆಳಗಿನಿಂದ ಗೋಪುರದ ಕಡೆ ಗುಂಡು ಹಾರಿಸಿದರು. ಮನೆಯಲ್ಲಿ ಕೋವಿ ಇರುವುದು, ಕೈಲ್‌ಪೊಳ್ದ್ ಅನ್ನುವ ಆಯುಧ ಹಬ್ಬಕ್ಕೆ ಅದಕ್ಕೆ ಪೂಜೆ ಮಾಡುವುದು ನಮ್ಮಲ್ಲಿ ಸಹಜ. ಹಾಗಾಗಿ ಈ ಚಿತ್ರದ ಮೇಲೆ ನಮ್ಮ ಮನೆಯಲ್ಲಿ ನಡೆದಷ್ಟು ಮಾತು ಬೇರೆ ಯಾವುದರ ಮೇಲೂ ನಡೆದಿಲ್ಲ. ಆ ಮಧ್ಯಾಹ್ನ ಒಬ್ಬ ಗುರಿಕಾರ ಪೊಲೀಸನನ್ನು ಕೂರಿಸಿಕೊಂಡು ಗೋಪುರದ ಸುತ್ತ ಪುಟ್ಟ ವಿಮಾನ ಹಾರಿಸಿದವರು ಬೌಟ್ವೆಲ್. ದೊಡ್ಡ ಧೈರ್ಯ.

1980ರ ದಶಕದಲ್ಲಿ ಅದೇ ಬೌಟ್ವೆಲ್ ಪಕ್ಕದ ವಿಲಿಯಮ್ಸನ್ ಕೌಂಟಿಯ ಶೆರಿಫ್. 1983ರಲ್ಲಿ ಸಿಕ್ಕಿಬಿದ್ದ ಹೆನ್ರಿ ಲೀ ಲೂಕಸ್‌ನನ್ನು ಅವರ ಜೈಲಿನಲ್ಲಿ ಇಟ್ಟಿದ್ದರು. ಅವನು ಒಂದಾದ ಮೇಲೊಂದು ಕೊಲೆ ಒಪ್ಪಿಕೊಳ್ಳುತ್ತಾ ಹೋದ. ಬೇರೆ ಬೇರೆ ರಾಜ್ಯಗಳ ಪೊಲೀಸರು ತಮ್ಮ ಹಳೇ ಫೈಲು ಹಿಡಿದುಕೊಂಡು ಬಂದರು. ಒಪ್ಪಿಕೊಂಡಾಗ ಅವನಿಗೆ ಸಿಗರೇಟು, ಸ್ಟ್ರಾಬೆರಿ ಮಿಲ್ಕ್‌ಶೇಕ್ ಸಿಗುತ್ತಿತ್ತು. ಇನ್ನೂರಕ್ಕೂ ಹೆಚ್ಚು ಕೇಸು ಹೀಗೆ ಮುಚ್ಚಿದವು. ಈ ಸರಣಿ ನೋಡುವಾಗ ಮೂರು ಅಂಕಣ ಸಾಲುವುದಿಲ್ಲ, ಅಮೆರಿಕದ ಒಂದು ನಕಾಶೆ ಬೇಕು. ಅವನು ಹೇಳಿದ ಪ್ರತಿ ಕೊಲೆಯ ಊರು, ದಿನಾಂಕ ಗುರುತಿಸುತ್ತಾ ಹೋಗಿ. ಸ್ವಲ್ಪ ಹೊತ್ತಿನಲ್ಲೇ ಒಬ್ಬ ಮನುಷ್ಯ ಒಂದು ಹಳೇ ಕಾರಿನಲ್ಲಿ ಇಷ್ಟು ಓಡಾಡಲು ಸಾಧ್ಯವಿಲ್ಲ ಅಂತ ನಿಮ್ಮ ಪೆನ್ಸಿಲ್ಲೇ ಹೇಳುತ್ತದೆ. ಹ್ಯೂ ಐನ್ಸ್‌ವರ್ತ್ ಅನ್ನುವ ಪತ್ರಕರ್ತರು 1985ರಲ್ಲಿ ಇದನ್ನೇ ದಾಖಲೆ ಸಮೇತ ಡಲ್ಲಾಸ್‌ನ ಪತ್ರಿಕೆಯಲ್ಲಿ ಬರೆದರು. ಲೂಕಸ್‌ಗೆ ಮರಣದಂಡನೆ ಆದ ಒಂದೇ ಕೇಸಿನ ದಿನ ಅವನು ಫ್ಲೋರಿಡಾದಲ್ಲಿ ಛಾವಣಿ ಕೆಲಸದಲ್ಲಿದ್ದ ಅನ್ನುವ ದಾಖಲೆ ಇತ್ತು. 1998ರಲ್ಲಿ ಗವರ್ನರ್ ಜಾರ್ಜ್ ಬುಷ್ ಅದನ್ನು ಜೀವಾವಧಿಗೆ ಇಳಿಸಿದರು. ಆ ಕೇಸಿನಲ್ಲಿ ಸತ್ತ ಹೆಂಗಸಿಗೆ 40 ವರ್ಷ ಹೆಸರೇ ಇರಲಿಲ್ಲ, ಕಾಲಿನಲ್ಲಿದ್ದ ಕಿತ್ತಳೆ ಸಾಕ್ಸ್‌ನ ಹೆಸರಿನಿಂದ ಕರೆಯುತ್ತಿದ್ದರು. 2019ರಲ್ಲಿ ಅವಳು ಯಾರು ಅಂತ ಗೊತ್ತಾಯಿತು. ನಿಮ್ಮ ಮೊದಲ ಪುಟದಲ್ಲಿ ಅವಳ ನಿಜವಾದ ಹೆಸರು ಹುಡುಕಿ ಬರೆಯಿರಿ.

1986ರ ಆಗಸ್ಟ್‌ನಲ್ಲಿ ಅದೇ ಕೌಂಟಿಯಲ್ಲಿ ಕ್ರಿಸ್ಟೀನ್ ಮಾರ್ಟನ್ ಮನೆಯೊಳಗೆ ಕೊಲೆಯಾದರು. ತನಿಖೆ ಬೌಟ್ವೆಲ್ ಅವರದ್ದು. ಗಂಡ ಮೈಕಲ್ ಕೆಲಸಕ್ಕೆ ಹೋಗಿದ್ದ, ಅವನನ್ನೇ ಹಿಡಿದರು, 1987ರಲ್ಲಿ ಜೀವಾವಧಿ ಆಯಿತು. ಮೂರು ವರ್ಷದ ಮಗ ಅಜ್ಜಿಯ ಹತ್ತಿರ, ಅಮ್ಮನಿಗೆ ಹೊಡೆದದ್ದು ಒಂದು ರಾಕ್ಷಸ, ಅಪ್ಪ ಆಗ ಮನೆಯಲ್ಲಿರಲಿಲ್ಲ ಅಂತ ಹೇಳಿದ್ದ. ಅದು ಪೊಲೀಸ್ ಫೈಲಿನಲ್ಲಿ ಬರಹದಲ್ಲೇ ಇತ್ತು. ಆರೋಪಿಯ ವಕೀಲರಿಗೆ ಆ ಕಾಗದ ಕೊಡಲಿಲ್ಲ. ಮನೆಯ ಹಿಂದೆ ಸಿಕ್ಕಿದ್ದ ರಕ್ತದ ಕರವಸ್ತ್ರದ ಡಿಎನ್‌ಎ ಪರೀಕ್ಷೆ ಮಾಡಿಸಿ ಅಂತ ಕೇಳಿದರೆ ಡಿಸ್ಟ್ರಿಕ್ಟ್ ಅಟಾರ್ನಿ ವರ್ಷಗಟ್ಟಲೆ ವಿರೋಧ ಮಾಡಿದರು. ಯಾರು ಆ ಅಟಾರ್ನಿ? ಜಾನ್ ಬ್ರಾಡ್ಲಿ. ಕೊನೆಗೆ ಪರೀಕ್ಷೆ ಆದಾಗ ಬೇರೆ ಮನುಷ್ಯನ ಗುರುತು ಸಿಕ್ಕಿತು. ಅವನು 1988ರಲ್ಲಿ ಆಸ್ಟಿನ್‌ನಲ್ಲಿ ಇನ್ನೊಬ್ಬ ಹೆಂಗಸನ್ನೂ ಕೊಂದಿದ್ದ. ಮೈಕಲ್ ಮಾರ್ಟನ್ 2011ರ ಅಕ್ಟೋಬರ್‌ನಲ್ಲಿ, ಹತ್ತಿರ ಹತ್ತಿರ 25 ವರ್ಷದ ನಂತರ ಹೊರಗೆ ಬಂದ. ಬ್ರಾಡ್ಲಿ 2012ರ ಚುನಾವಣೆಯಲ್ಲಿ ಸೋತರು. ಕೇಸು ನಡೆಸಿದ್ದ, ಆಮೇಲೆ ಜಡ್ಜ್ ಆಗಿದ್ದ ಕೆನ್ ಆಂಡರ್ಸನ್ 2013ರಲ್ಲಿ ಕೆಲವು ದಿನ ಜೈಲಿಗೆ ಹೋದರು, ವಕೀಲಿಕೆಯ ಲೈಸೆನ್ಸ್ ಬಿಟ್ಟರು. ಅದೇ ವರ್ಷ ಟೆಕ್ಸಸ್ ಎರಡು ಕಾನೂನು ಮಾಡಿತು. ಪೊಲೀಸ್ ಫೈಲಿನ ಕಾಗದಗಳನ್ನು ಆರೋಪಿ ಕಡೆಗೆ ಕೊಡಬೇಕು ಅನ್ನುವ ಮೈಕಲ್ ಮಾರ್ಟನ್ ಕಾಯ್ದೆ ಒಂದು. ಹಳೇ ವಿಜ್ಞಾನ ತಪ್ಪು ಅಂತ ಗೊತ್ತಾದರೆ ಕೇಸನ್ನು ಮತ್ತೆ ತೆರೆಯಿಸಬಹುದು ಅನ್ನುವುದು ಇನ್ನೊಂದು. ಎರಡನೆಯದು ಬರುವ ಹೊತ್ತಿಗೆ ವಿಲ್ಲಿಂಗ್‌ಹ್ಯಾಮ್ ಸತ್ತು ಒಂಬತ್ತು ವರ್ಷ ಆಗಿತ್ತು.

ಬೌಟ್ವೆಲ್ ಒಳ್ಳೆಯವರೋ ಕೆಟ್ಟವರೋ ಅಂತ ತಂಗಿಯ ಮಗಳು ಕೇಳಿದಳು. ಮೂರೂ ಚಿತ್ರ ನೋಡಿದ ಮೇಲೆ ನನಗೆ ಆ ಪ್ರಶ್ನೆಗಿಂತ, ಅವರ ಫೈಲನ್ನು ಮೇಲಿನವರು ಯಾರೂ ಯಾಕೆ ತೆರೆದು ನೋಡಲಿಲ್ಲ ಅನ್ನುವುದು ಜಾಸ್ತಿ ಕಾಡುತ್ತದೆ.

ನೋಡುವ ಹೊತ್ತು

ರಾತ್ರಿ ಬೇಡ. ತೋಟದ ನಡುವೆ ಒಂಟಿ ಮನೆ ಇದ್ದರಂತೂ ಖಂಡಿತ ಬೇಡ. ಮಧ್ಯಾಹ್ನ ಊಟ ಆದ ಮೇಲೆ ಕೂತು ಕತ್ತಲಾಗುವ ಮೊದಲು ಮುಗಿಸಿ. ಕಕ್ಕಡದ ಮಳೆಯಲ್ಲಿ ಕರೆಂಟು ಯಾವಾಗ ಹೋಗುತ್ತದೆ ಹೇಳಲಾಗದು, ನೆಟ್‌ವರ್ಕೂ ಅಷ್ಟೇ. ಹಿಂದಿನ ದಿನವೇ ಮೊಬೈಲಿಗೆ ಡೌನ್‌ಲೋಡ್ ಮಾಡಿಟ್ಟುಕೊಳ್ಳಿ. ದಿನಕ್ಕೆ ಒಂದು ಚಿತ್ರ, ಸರಣಿಯಾದರೆ ಒಂದು ಭಾಗ ಸಾಕು. ಮಕ್ಕಳು ಓಡಾಡುವ ಹಾಲ್‌ನಲ್ಲಿ ಹಾಕಬೇಡಿ. ಮನೆಯಲ್ಲಿ ಯಾರಾದರೂ ಹತ್ತಿರದವರನ್ನು ಈಚೆಗೆ ಕಳೆದುಕೊಂಡಿದ್ದರೆ ಅವರನ್ನು ಕೇಳಿ ಹಾಕಿ. ಇಂಗ್ಲಿಷ್ ಸಬ್‌ಟೈಟಲ್ ಆನ್ ಇರಲಿ, ಟೆಕ್ಸಸ್‌ನವರ ಎಳೆದ ಉಚ್ಚಾರ ಮೊದಮೊದಲು ಕಿವಿಗೆ ಹಿಡಿಯುವುದಿಲ್ಲ.

ಸತ್ತವರ ಮನೆಯವರನ್ನು ಇಂಟರ್ನೆಟ್ಟಿನಲ್ಲಿ ಹುಡುಕಲು ಹೋಗಬೇಡಿ. ಅವರಿಗೆ ಮೆಸೇಜು ಕಳಿಸುವುದು, ಫೋಟೋ ಹಂಚುವುದು ಬೇಡವೇ ಬೇಡ. ಬೇಕಾದಷ್ಟು ಸಾರ್ವಜನಿಕ ಕಾಗದ ಇದೆ. ಸುಪ್ರೀಂ ಕೋರ್ಟಿನ ತೀರ್ಪುಗಳು ಉಚಿತವಾಗಿ ಸಿಗುತ್ತವೆ. ಟೆಕ್ಸಸ್ ಜೈಲು ಇಲಾಖೆ ಮರಣದಂಡನೆಯಾದವರ ಪಟ್ಟಿಯನ್ನೂ ಅವರ ಕೊನೆಯ ಮಾತುಗಳನ್ನೂ ತನ್ನ ವೆಬ್‌ಸೈಟಿನಲ್ಲಿ ಇಟ್ಟಿದೆ. ಫೊರೆನ್ಸಿಕ್ ಆಯೋಗದ ವರದಿ ಇದೆ. ಚಿತ್ರ ಮುಗಿದ ಮೇಲೆ ಒಂದಾದರೂ ಕಾಗದ ಓದಿ, ಮೂರನೇ ಅಂಕಣ ತುಂಬಿಸಿ. ಖಾಲಿ ಉಳಿದ ಸಾಲುಗಳನ್ನು ಯಾರಿಗೂ ಸತ್ಯ ಅಂತ ಹೇಳಬೇಡಿ.

ಇಷ್ಟಾದ ಮೇಲೆ ವರ್ನರ್ ಹರ್ಜೋಗ್‌ನ 2011ರ ಇಂಟು ದಿ ಅಬಿಸ್ ನೋಡಿ. ಇದು ತಪ್ಪಾಗಿ ಶಿಕ್ಷೆಯಾಯಿತಾ ಅಂತ ಹುಡುಕುವ ಚಿತ್ರ ಅಲ್ಲ. ಒಂದು ಕಾರಿನ ಆಸೆಗೆ ಮೂರು ಜನರನ್ನು ಕೊಂದ ಕೇಸು. ಕೈದಿಗಳನ್ನು ಮರಣದ ಮಂಚಕ್ಕೆ ಕಟ್ಟುವ ತಂಡದಲ್ಲಿದ್ದ ಒಬ್ಬ ಅಧಿಕಾರಿ, ಒಂದು ದಿನ ಇನ್ನು ನನ್ನಿಂದ ಆಗದು ಅಂತ ಪಿಂಚಣಿ ಹಕ್ಕನ್ನೂ ಬಿಟ್ಟು ಹೊರಗೆ ಬಂದದ್ದನ್ನು ಹೇಳುತ್ತಾನೆ. ಇದಕ್ಕೆ ನೋಟ್‌ಬುಕ್ ಬೇಡ.

ಕೊನೆಗೆ ಇಟ್ಟುಕೊಳ್ಳಬೇಕಾದದ್ದು ಎಚ್‌ಬಿಒದ ದ ಯೋಗರ್ಟ್ ಶಾಪ್ ಮರ್ಡರ್ಸ್. 1991ರ ಡಿಸೆಂಬರ್ 6ರಂದು ಆಸ್ಟಿನ್‌ನ ಮೊಸರಿನ ಐಸ್‌ಕ್ರೀಂ ಅಂಗಡಿಯಲ್ಲಿ ನಾಲ್ವರು ಹುಡುಗಿಯರನ್ನು ಕೊಂದು ಬೆಂಕಿ ಹಚ್ಚಿದ್ದರು. ವರ್ಷಗಳ ನಂತರ ಪೊಲೀಸರ ಮುಂದೆ ಇಬ್ಬರು ಯುವಕರು ತಪ್ಪೊಪ್ಪಿಕೊಂಡರು, ಶಿಕ್ಷೆಯೂ ಆಯಿತು. ಆ ಶಿಕ್ಷೆ ರದ್ದಾಗಿ, ಡಿಎನ್‌ಎ ಹೊಂದದೆ, 2009ರಲ್ಲಿ ಬಿಡುಗಡೆಯಾದರು. ಸರಣಿ ಪ್ರಸಾರವಾದದ್ದು 2025ರ ಆಗಸ್ಟ್‌ನಲ್ಲಿ. ಅದು ಮುಗಿಯುವಾಗ ಯಾರು ಕೊಂದರು ಅನ್ನುವುದಕ್ಕೆ ಉತ್ತರ ಇಲ್ಲ. ಮುಂದಿನ ತಿಂಗಳೇ ಆಸ್ಟಿನ್ ಪೊಲೀಸರು, ಡಿಎನ್‌ಎ ಆಧಾರದಲ್ಲಿ, 1999ರಲ್ಲೇ ಸತ್ತುಹೋಗಿದ್ದ ಬೇರೊಬ್ಬನ ಹೆಸರು ಹೇಳಿದರು. ಹಾಗಾಗಿ ಇದನ್ನು ನೋಡುವವರು ಮೊದಲು ಸುದ್ದಿ ಓದಬೇಡಿ. ಸರಣಿ ಪೂರ್ತಿ ನೋಡಿ, ನಿಮಗೆ ಯಾರ ಮೇಲೆ ಅನುಮಾನ, ಯಾಕೆ ಅಂತ ದಿನಾಂಕ ಹಾಕಿ ಬರೆಯಿರಿ. ಆಮೇಲೆ 2025ರ ಸೆಪ್ಟೆಂಬರ್‌ನ ಪತ್ರಿಕೆಗಳನ್ನು ತೆರೆಯಿರಿ.